ಗರಂ ಅಂದರೆ ಕೂತುಬಿಡಿ

ಶಿಡ್ಲಘಟ್ಟದಲ್ಲಿ ಹೊರಗಿನವರಿಗೆ ಊರು ತೋರಿಸುವ ಕೆಲಸಕ್ಕೆ ಈಗ ಕಾಲೇಜು ಓದಿದ ಹುಡುಗಿಯರು ಬರುತ್ತಿದ್ದಾರೆ. ಬರಲಿ. ಅವರಲ್ಲಿ ಇಬ್ಬರು ಮೊನ್ನೆ ನಮ್ಮ ಮನೆಗೆ ಬಂದು, "ಮುನಿಯಮ್ಮಜ್ಜಿ, ನೀವು ಹೆಂಗೆ ಮಾಡ್ತಿದ್ರಿ ಅಂತ ಬರ್ಕೊಡಿ, ನಮ್ಗೆ ಅನ್ಕೂಲ ಆಗ್ತದೆ" ಎಂದರು. ನಾನು ಓದಿರುವುದು ಮೂರನೇ ಕ್ಲಾಸು. ಅದೂ ಪೂರ್ತಿ ಇಲ್ಲ. ಬರೆದಿದ್ದೇನೆ, ತಪ್ಪಿದ್ದರೆ ನೀವೇ ತಿದ್ದಿಕೊಳ್ಳಿ. ಊರಿನ ಹೊಗಳಿಕೆ ಬೇಕಿದ್ದರೆ ಪ್ರವಾಸದ ಕಂಪನಿಯವರು ಅಚ್ಚು ಹಾಕಿಸಿರುವ ಬಣ್ಣದ ಹಾಳೆ ಓದಿ. ನಾನು ಬರೆಯುವುದು ಭಯದ ವಿಷಯ. ಈ ಕೆಲಸದಲ್ಲಿ ಇದ್ದಷ್ಟು ದಿನವೂ ನಾನು ಹೆದರಿಕೊಂಡೇ ನಡೆದಿದ್ದೇನೆ.

ಬೇರೆ ದೊಡ್ಡ ಊರುಗಳಲ್ಲಿ ಬಿಳಿಯರು ಕಟ್ಟಿದ ಕಚೇರಿ ಬೀದಿ ತೋರಿಸಿ, ಅಲ್ಲಿಂದ ಚೀನಾದವರ ಬೀದಿಗೆ ಕರೆದುಕೊಂಡು ಹೋಗುತ್ತಾರಂತೆ. ಅಂಥ ಊರು ನೋಡಿ ಬಂದವರು ನಮ್ಮ ಕಂಪನಿಯ ಮೊದಲ ಸಾಹೇಬರು. ನಮ್ಮಲ್ಲೂ ಹಾಗೇ ಮಾಡಬೇಕು ಎಂದು ಹೊರಟರು. ನಮ್ಮೂರಿಗೆ ಚೀನಾದವರು ಬಂದಿಲ್ಲ, ಚೀನಾದ ರೇಷ್ಮೆ ನೂಲು ಬರುತ್ತದೆ. ಅದು ಬಂದಾಗಲೆಲ್ಲ ಗೂಡಿನಿಂದ ನೂಲು ತೆಗೆಯುವ ನಮ್ಮ ರೀಲರ್‌ಗಳು ಬಾಯಿಗೆ ಬಂದಂತೆ ಬೈಯುತ್ತಾರೆ. ಅಷ್ಟೇ ಸಂಬಂಧ. ಸಾಹೇಬರು ಹುಡುಕಿ ಹುಡುಕಿ ಒಂದು ದಾರಿ ಮಾಡಿದರು. ಚಿಕ್ಕ ರೈಲು ಓಡಾಡುತ್ತಿದ್ದ ಕಾಲದ ಹಳೇ ಸ್ಟೇಷನ್ನು, ಬಿಳಿ ದೊರೆಗಳು ಕುದುರೆ ಕಟ್ಟಿ ಇಳಿದುಕೊಳ್ಳುತ್ತಿದ್ದ ಬಂಗಲೆ, ಕೋಟೆ ಬೀದಿ, ಕೊನೆಗೆ ರೀಲರ್‌ಗಳ ಗಲ್ಲಿ. ಚೀನಾ ಬೀದಿಯ ಬದಲಿಗೆ ನಮ್ಮ ಗಲ್ಲಿ.

ಆ ಗಲ್ಲಿಯಲ್ಲಿ ನಾನು ಲಂಗ ಹಾಕುವ ವಯಸ್ಸಿನಿಂದ ನೂಲು ತೆಗೆದವಳು. ರೇಷ್ಮೆ ಗೂಡು ಬೇಯಿಸಿ, ಕುದಿಯುವ ನೀರಿನ ಬೇಸಿನ್‌ನಲ್ಲಿ ಕೈ ಅದ್ದಿ ಅದ್ದಿ ಎಳೆ ಹಿಡಿಯುವ ಕೆಲಸ. ಬೆರಳಿನ ಚರ್ಮ ಕೊಳೆತು, ಇನ್ನು ಎಳೆ ಹಿಡಿಯಲು ಆಗದು ಅನ್ನುವ ಹೊತ್ತಿಗೆ ಈ ಸಾಹೇಬರು ಕ್ಯಾಮೆರಾ ಹಾಕಿಕೊಂಡು ಬಂದು ಒಲೆಯಿಂದ ಬೇಸಿನ್‌ಗೆ ನೀರು ಸಾಗಿಸುವ ದಾರಿಯಲ್ಲೇ ನಿಂತರು. "ಏನಪ್ಪ, ಬೇಯೋಕೆ ಬಂದಿದೀಯಾ? ಆಚೆ ನಿಂತ್ಕೋ" ಎಂದು ಗದರಿದೆ. ಅವರು ನಕ್ಕರು. ಮಾರನೇ ವಾರ ಕೆಲಸಕ್ಕೆ ಕರೆದರು. ಗದರುವವಳು ಬೇಕಾಗಿತ್ತಂತೆ.

ಅವರು ಒಳ್ಳೆಯವರು, ಆದರೆ ಕಥೆಯ ಹುಚ್ಚು. ಬಂಗಲೆಯ ಹಿಂದೆ ಹುಣಸೆ ಮರದ ಕೆಳಗೆ ಒಂದು ಕಲ್ಲು ಇದೆ, ಅದರ ಮೇಲೆ ಇಂಗ್ಲಿಷ್ ಅಕ್ಷರ. ಅದು ಹೆರಿಗೆಯಲ್ಲಿ ಸತ್ತ ದೊರೆಸಾನಿಯ ಸಮಾಧಿ ಎಂದು ಚಿಕ್ಕಂದಿನಿಂದ ಕೇಳಿದ್ದೆ, ಹಾಗೇ ಹೇಳಿದೆ. ಸಾಹೇಬರು ತಲೆದೂಗಿದರು. ಬಂದವರು ಹೂವು ಇಟ್ಟರು, ಒಬ್ಬ ಹೆಂಗಸು ಅತ್ತೂಬಿಟ್ಟಳು. ನಾನು ಮಾತ್ರ ಆ ಕಲ್ಲಿನ ಹತ್ತಿರ ಹೋಗುತ್ತಿರಲಿಲ್ಲ, ದೂರದಿಂದ ಕೈ ತೋರಿಸುತ್ತಿದ್ದೆ. ದೊರೆಸಾನಿ ಮಧ್ಯಾಹ್ನದ ಹೊತ್ತು ಬಿಳಿ ಗೌನು ಹಾಕಿಕೊಂಡು ತಿರುಗುತ್ತಾಳೆ ಎಂದು ನಮ್ಮಮ್ಮ ಹೇಳಿದ್ದಳು. ಒಂದು ಸಲ ಬಂದಿದ್ದ ಮೇಷ್ಟ್ರೊಬ್ಬರು ಬಗ್ಗಿ, ಪಾಚಿ ಒರೆಸಿ ಓದಿದರು. ಅದು ನಾಯಿಯ ಸಮಾಧಿ. "ನಂಬಿಗಸ್ತ ನಾಯಿ" ಎಂದು ಬರೆದಿದೆಯಂತೆ. ಅಷ್ಟು ವರ್ಷ ಒಂದು ನಾಯಿಗೆ ಹೆದರಿ ನಡೆದಿದ್ದೆ. ಮೇಷ್ಟ್ರ ಎದುರಿಗೇ ಬಿದ್ದು ಬಿದ್ದು ನಕ್ಕೆ. ಆಮೇಲೆ ಬಂಗಲೆಯ ಭಯ ಹೋಯಿತು. ಗಲ್ಲಿಯ ಭಯ ಹೋಗಲಿಲ್ಲ, ಏಕೆಂದರೆ ಅಲ್ಲಿರುವುದು ನಿಜವಾದ ಬಿಸಿನೀರು.

ಗಲ್ಲಿಯ ಎರಡು ಪದ್ಧತಿಗಳನ್ನು ನಿಮಗೆ ಹೇಳಿಬಿಡುತ್ತೇನೆ. ಇವು ಬಣ್ಣದ ಹಾಳೆಯಲ್ಲಿ ಇಲ್ಲ.

ಮೊದಲನೆಯದು ನೀರಿನ ಲೋಟ. ಗಲ್ಲಿಯ ಬಾಯಲ್ಲಿ ಮೊದಲ ಮನೆ ಬೀಬಿಜಾನ್‌ದು. ಮನೆಗೆ ಅಂಟಿಕೊಂಡೇ ಅವರ ಬೇಸಿನ್‌ಗಳ ಶೆಡ್ಡು. ಬೀಬಿಜಾನೂ ನಾನೂ ಅಕ್ಕಪಕ್ಕದ ಬೇಸಿನ್ ಮುಂದೆ ಕೂತು ಮುದುಕಿಯರಾದವರು. ಗುಂಪನ್ನು ಮೂಲೆಯಲ್ಲಿ ನಿಲ್ಲಿಸಿ ನಾನೊಬ್ಬಳೇ ಹೋಗಿ ಅವರ ಬಾಗಿಲಲ್ಲಿ ನಿಲ್ಲುತ್ತಿದ್ದೆ. ಏನೂ ಕೇಳುವಂತಿಲ್ಲ. ಅವರು ಒಳಗಿಂದ ಒಂದು ಲೋಟ ನೀರು ತಂದು ಕೊಟ್ಟರೆ ಗುಂಪು ಬರಬಹುದು. ಕೊಡದಿದ್ದರೆ ಗಲ್ಲಿಯಲ್ಲಿ ಏನೋ ಇದೆ, ಸಾವೋ, ಜಗಳವೋ, ಹುಷಾರಿಲ್ಲದ ಮಗುವೋ. ವಾಪಸ್ ಹೋಗಬೇಕು. ಯಾಕೆ ಎಂದು ಕೇಳಬಾರದು.

ಎರಡನೆಯದು ಗರಂ. ಒಲೆಯಿಂದ ಕುದಿಯುವ ನೀರನ್ನು ಬಕೆಟ್‌ನಲ್ಲಿ ಗಲ್ಲಿ ದಾಟಿಸಿ ಬೇಸಿನ್‌ಗೆ ತರುತ್ತಾರೆ. ತರುವವರು "ಗರಂ!" ಎಂದು ಕೂಗುತ್ತಾರೆ. ಕೂಗಿದ ತಕ್ಷಣ ಮಕ್ಕಳು ಇದ್ದಲ್ಲೇ ಕುಕ್ಕರಿಸಿ ಕೂತುಬಿಡಬೇಕು. ಓಡುವ ಮಗು ನೇರ ಬಕೆಟ್‌ನ ಕೆಳಕ್ಕೇ ಓಡುತ್ತದೆ. ಕೂತ ಮಗುವನ್ನು ಬಳಸಿಕೊಂಡು ಹೋಗಬಹುದು. ಅಂಬೆಗಾಲಿಡುವಾಗಲೇ ಇದನ್ನು ಕಲಿಸುತ್ತಾರೆ, ಬೆನ್ನಿಗೆ ಏಟು ಕೊಟ್ಟೇ ಕಲಿಸುತ್ತಾರೆ. ನೀರು ಸುರಿದ ಮೇಲೆ "ಗಯಾ", ಅಂದರೆ ಹೋಯಿತು, ಅನ್ನುತ್ತಾರೆ. ಅಲ್ಲಿಯವರೆಗೆ ಯಾರೂ ಏಳುವಂತಿಲ್ಲ, ಕೂತ ಮಗುವನ್ನು ಹೆತ್ತ ತಾಯಿಯೂ ಎತ್ತಿಕೊಳ್ಳುವಂತಿಲ್ಲ. ದೊಡ್ಡವರಾದ ಮೇಲೂ ಈ ಅಭ್ಯಾಸ ಮೈಯಿಂದ ಹೋಗುವುದಿಲ್ಲ. ಬಂದವರಿಗೆಲ್ಲ ಗಲ್ಲಿಯ ಮೂಲೆಯಲ್ಲಿ ನಾನು ಇದನ್ನು ಹೇಳಿಕೊಡುತ್ತಿದ್ದೆ. "ಗರಂ ಅಂದ್ರೆ ಕೂತ್ಬಿಡಿ. ಪ್ಯಾಂಟು ಗಲೀಜಾದ್ರೆ ಆಗ್ಲಿ, ಒಗೀಬೋದು." ಒಂದೆರಡು ಸಲ ಕೂರಿಸಿ ಏಳಿಸಿ ನೋಡುತ್ತಿದ್ದೆ. ನಗುತ್ತಾ ಕೂರುತ್ತಿದ್ದರು. ನಗಲಿ, ಕೂತರೆ ಸಾಕು.

ಮೊದಲ ಸಾಹೇಬರು ಕಾಯಿಲೆ ಬಿದ್ದು ಕೆಲಸ ಬಿಟ್ಟ ಮೇಲೆ ಅವರ ಜಾಗಕ್ಕೆ ಪ್ರಿಯಾ ಮೇಡಂ ಬಂದರು. ಚಿಕ್ಕ ವಯಸ್ಸು, ಚುರುಕು, ಎಲ್ಲರಿಗೂ ಮರ್ಯಾದೆ ಕೊಡುವ ಹುಡುಗಿ. ನನ್ನ ಗಂಟಲು ಹೋಗುತ್ತದೆ ಎಂದು ಸೊಂಟಕ್ಕೆ ಕಟ್ಟುವ ಒಂದು ಸ್ಪೀಕರ್ ಡಬ್ಬಿ, ಬಾಯ ಮುಂದೆ ಕಡ್ಡಿಯಂಥ ಮೈಕು ತಂದುಕೊಟ್ಟರು. ನನಗೆ ಅದು ಹಿಡಿಸಲಿಲ್ಲ. ಕೆಮ್ಮಿದರೂ ಬೀದಿಗೆಲ್ಲ ಕೇಳುತ್ತಿತ್ತು. ಮೈಕಿನಿಂದ ಬೇಗ ಮುಗಿಯುತ್ತದೆ ಎಂದು ನಡಿಗೆಯ ಹೊತ್ತನ್ನೂ ಕಡಿಮೆ ಮಾಡಿದರು. ಬೆಳಗಿನ ಜಾವ ಸ್ಕಂದಗಿರಿ ಬೆಟ್ಟ ಹತ್ತಿಸಿ, ಇಳಿಸಿ, ತಿಂಡಿ ತಿನ್ನಿಸಿ, ಅದೇ ಬಸ್ಸಿನಲ್ಲಿ ನಮ್ಮೂರಿಗೆ ಕರೆತರುವುದು. ಬಂದವರಲ್ಲಿ ಅರ್ಧ ಜನ ಆಕಳಿಸುತ್ತಿದ್ದರು.

ಆ ವರ್ಷ ಎಲ್ಲರ ಫೋನಿನಲ್ಲೂ ಮಕ್ಕಳ ಕಳ್ಳರ ವಿಡಿಯೋ ಓಡಾಡುತ್ತಿತ್ತು. ಎಲ್ಲಿಯದೋ, ಯಾವಾಗಿನದೋ ಗೊತ್ತಿಲ್ಲ. ಪಕ್ಕದ ಮನೆಯ ಹುಡುಗ ನನಗೂ ತೋರಿಸಿದ. ಒಬ್ಬನನ್ನು ಕಂಬಕ್ಕೆ ಕಟ್ಟಿ ಹೊಡೆಯುತ್ತಿದ್ದರು. ಅವನು ಏನೋ ಹೇಳಲು ಬಾಯಿ ತೆಗೆಯುತ್ತಿದ್ದ, ಹೇಳಲು ಬಿಡುತ್ತಿರಲಿಲ್ಲ. ಎರಡು ದಿನ ನನಗೆ ಅನ್ನ ಸೇರಲಿಲ್ಲ. ನಾನು ವಾರ ವಾರ ಗುರುತಿಲ್ಲದ ಜನರನ್ನು, ಕ್ಯಾಮೆರಾ ಕೊರಳಿಗೆ ಹಾಕಿಕೊಂಡವರನ್ನು, ಮಕ್ಕಳು ಆಡುವ ಗಲ್ಲಿಗೆ ಕರೆದುಕೊಂಡು ಹೋಗುವವಳು. ಪ್ರಿಯಾ ಮೇಡಂಗೆ ಹೇಳಿದೆ.

"ಅಯ್ಯೋ ಅದು ಫೇಕ್ ಅಮ್ಮಾ" ಎಂದರು.

"ವಿಡಿಯೋ ಸುಳ್ಳಿರ್ಬೋದು ಕಣಮ್ಮ. ಜನ ನಂಬಿರೋದು ಸುಳ್ಳಲ್ವಲ್ಲ" ಎಂದೆ.

"ನೀವಿದೀರಲ್ಲ, ನಿಮ್ಮನ್ನ ಎಲ್ರಿಗೂ ಗೊತ್ತು" ಎಂದರು. ಅಷ್ಟಕ್ಕೇ ಆ ಮಾತು ನಿಂತಿತು.

ಆ ದಿನ ಬಸ್ಸು ತಡವಾಗಿ ಬಂತು. ಬಂದವರಲ್ಲಿ ಹೆಂಗಸರೇ ಹೆಚ್ಚು. ಮಂಡಿ ನೋವಿನ ಮೂರ್ತಿ ಎಂಬ ಹಿರಿಯರೊಬ್ಬರು ಕೋಲು ಹಿಡಿದಿದ್ದರು. ವಂದನಾ ಎಂಬ ಹೆಂಗಸು ಕಪ್ಪು ಕನ್ನಡಕ ಹಾಕಿದ್ದರು. ಅವರು ಮಕ್ಕಳ ಆಸ್ಪತ್ರೆಯಲ್ಲಿ ನರ್ಸಂತೆ.

"ಅಮ್ಮಾ, ಇವತ್ತು ಉಲ್ಟಾ ಮಾಡೋಣ. ಮೊದ್ಲು ಗಲ್ಲಿ, ಆಮೇಲೆ ಸ್ಟೇಷನ್. ಬಿಸಿಲೇರಿದ್ರೆ ಮೂರ್ತಿ ಸರ್‌ಗೆ ಕಷ್ಟ" ಎಂದರು ಪ್ರಿಯಾ ಮೇಡಂ.

"ಈಗ ಗಂಡಸ್ರೆಲ್ಲ ಗೂಡಿನ ಮಾರ್ಕೆಟ್ಟಲ್ಲಿ ಹರಾಜಿಗೆ ನಿಂತಿರ್ತಾರೆ. ಗಲ್ಲೀಲಿ ಹೆಂಗಸ್ರು ಮಕ್ಳೇ ಇರೋದು. ಅವ್ರು ಬರೋಗಂಟ ಕಾಯಣ."

"ನಮ್ಮಲ್ಲೂ ಲೇಡೀಸೇ ಅಲ್ವಾ ಅಮ್ಮಾ?"

ಹೋಗಬಾರದು ಎಂದು ನನಗೆ ಅನ್ನಿಸುತ್ತಲೇ ಇತ್ತು. ಅನ್ನಿಸಿದ್ದನ್ನು ಕಾರಣ ಎಂದು ಹೇಳಲಾಗುವುದಿಲ್ಲ. ನಡೆದೆ.

ಗುಂಪನ್ನು ಮೂಲೆಯಲ್ಲಿ ನಿಲ್ಲಿಸಿ ಬೀಬಿಜಾನ್ ಬಾಗಿಲಲ್ಲಿ ನಿಂತೆ. ಬೀಬಿಜಾನ್ ಇರಲಿಲ್ಲ. ಪಕ್ಕದ ಶೆಡ್ಡಿನಲ್ಲಿ ಅವರ ಸೊಸೆ ಶಾಹೀನಾ ಬೇಸಿನ್ ಮುಂದೆ ಕೂತಿದ್ದಳು. ಎಳೆ ಹಿಡಿದವಳು ತಲೆ ಎತ್ತುವುದಿಲ್ಲ. "ಅಕ್ಕಾ, ಅತ್ತೆ ನೀರಿಗೆ ಹೋಗವ್ರೆ, ಒಂಚೂರು ನಿಂತ್ಕಾ" ಎಂದಳು. ನಿಂತೆ. ಲೋಟ ಬಂದಿಲ್ಲ. ಗರಂ ಎಂದರೆ ಕೂರಬೇಕು ಎಂದು ಗುಂಪಿಗೆ ಇನ್ನೂ ಹೇಳಿಕೊಟ್ಟಿಲ್ಲ. ಅಷ್ಟರಲ್ಲಿ ಹಿಂದೆ ಹೆಜ್ಜೆ ಸದ್ದಾಯಿತು. ಪ್ರಿಯಾ ಮೇಡಂ, "ನೀವು ಮಾತಾಡ್ತಿರಿ ಅಮ್ಮಾ, ನಾವು ನಿಧಾನಕ್ಕೆ ಮುಂದೆ ಹೋಗ್ತಿರ್ತೀವಿ" ಎನ್ನುತ್ತಾ ಎಲ್ಲರನ್ನೂ ನನ್ನ ದಾಟಿಸಿ ಕರೆದುಕೊಂಡು ಹೋದರು.

ಗಲ್ಲಿಯ ನಡುವೆ ಶಾಹೀನಾಳ ಮಗು ಸಾನಿಯಾ ಒಂದು ಗೂಡು ಹಿಡಿದುಕೊಂಡು ಆಡುತ್ತಿತ್ತು. ಆಗತಾನೇ ನಡೆಯಲು ಕಲಿತಿದ್ದ ಹೆಣ್ಣುಮಗು. ಗಲ್ಲಿಯ ಎದುರು ಬದಿಯ ಒಲೆಯಿಂದ ಬೀಬಿಜಾನ್ ಹೊಗೆಯಾಡುವ ಬಕೆಟ್ ಹಿಡಿದು ಬಂದರು. "ಗರಂ!" ಎಂದು ಕೂಗಿದರು. ಮಗು ಕಲಿತ ಹಾಗೆ ಅಲ್ಲೇ ಕೂತಿತು.

ವಂದನಾಗೆ ಕಂಡದ್ದು ಏನು? ಕುದಿಯುವ ನೀರು ಬರುತ್ತಿದೆ, ದಾರಿಯ ನಡುವೆ ಒಂದು ಕೂಸು ಕೂತುಬಿಟ್ಟಿದೆ. ಮಕ್ಕಳ ನರ್ಸು. ಓಡಿ ಹೋಗಿ ಬಾಚಿ ಎತ್ತಿಕೊಂಡರು. ಎದುರಿಗೆ ಬಂದವರನ್ನು ತಪ್ಪಿಸಲು ಬೀಬಿಜಾನ್ ಬಕೆಟ್ ಓರೆ ಮಾಡಿದರು, ನೀರು ಚೆಲ್ಲಿ ಕಲ್ಲಿನ ಮೇಲೆ ಚರ್ ಎಂದಿತು. ವಂದನಾ ಇನ್ನೂ ಹೆದರಿ, ಮಗುವನ್ನು ಎದೆಗೆ ಒತ್ತಿಕೊಂಡು ನೀರಿನಿಂದ ದೂರಕ್ಕೆ ಓಡಿದರು. ದೂರ ಎಂದರೆ ಗಲ್ಲಿಯ ಆ ತುದಿ, ದೊಡ್ಡ ರಸ್ತೆಯ ಕಡೆ. ಮಗು ಕಿರುಚಿತು. ಬೀಬಿಜಾನ್ ಬಕೆಟ್ ಇಟ್ಟು ಹಿಂದೆ ಓಡಿದರು. "ಛೋಡೋ! ಬಚ್ಚೀಕೋ ಛೋಡೋ! ಮಗು ಬಿಡಮ್ಮಾ!"

ದೊಡ್ಡ ರಸ್ತೆಯಲ್ಲಿ ಆಟೋ ನಿಲ್ಲಿಸಿಕೊಂಡು ಕೂತವರಿಗೆ ಕಂಡದ್ದು ಏನು? ಕಪ್ಪು ಕನ್ನಡಕದ ಹೆಂಗಸು ಕಿರುಚುವ ಮಗುವನ್ನು ಎತ್ತಿಕೊಂಡು ಓಡಿಬರುತ್ತಿದ್ದಾಳೆ, ಮುದುಕಿಯೊಬ್ಬಳು ಅರಚುತ್ತಾ ಹಿಂದೆ ಬರುತ್ತಿದ್ದಾಳೆ.

"ಪಟ್ಟುಕೋಂಡ್ರಾ!" ಎಂದು ಒಬ್ಬ ತೆಲುಗಿನಲ್ಲಿ ಕೂಗಿದ. "ಹಿಡ್ಕಳ್ರೋ, ಬಿಡ್ಬ್ಯಾಡ್ರಿ!"

ವಂದನಾ ತಿರುಗಿ ಗಲ್ಲಿಯೊಳಕ್ಕೇ ಓಡಿಬಂದರು. ಅವರ ಹಿಂದೆ ಗಂಡಸರು. ನಾನು ಕೈಗೆ ಸಿಕ್ಕವರ ರಟ್ಟೆ ಹಿಡಿದು ಒಬ್ಬೊಬ್ಬರನ್ನೇ ಶೆಡ್ಡಿನೊಳಕ್ಕೆ ನೂಕಿದೆ. ಮೂರ್ತಿಯವರ ಕೋಲು ಹೊರಗೇ ಬಿತ್ತು. ಪ್ರಿಯಾ ಮೇಡಂ ಕೊನೆಯವರೆಗೂ ಹೊರಗೆ ನಿಂತು ಎಲ್ಲರನ್ನೂ ಒಳಗೆ ಕಳಿಸಿ, ಬೀಬಿಜಾನ್‌ರನ್ನೂ ಎಳೆದುಕೊಂಡು ಬಂದರು. ಆ ಹುಡುಗಿಗೆ ಧೈರ್ಯವಿತ್ತು, ಅದನ್ನು ಹೇಳಲೇಬೇಕು. ಹಲಗೆ ಬಾಗಿಲು ಎಳೆದು ಅಗುಳಿ ಹಾಕಿದೆವು.

ಶಾಹೀನಾ ಎಳೆ ಬಿಟ್ಟು ಎದ್ದು ಬಂದಳು. ನೆನೆದು ಬಿಳುಚಿದ ಕೈಯಿಂದ ಮಗುವನ್ನು ಕಿತ್ತುಕೊಂಡಳು.

"ಯಾಕೆ ಎತ್ಕೊಂಡೆ? ನನ್ ಮಗೂನ ಯಾಕೆ ಎತ್ಕೊಂಡೆ ನೀನು?"

"ಬಿಸಿನೀರು ಬೀಳತ್ತೆ ಅಂತ... ನಾನು... ಮಗು ಅಲ್ಲೇ ಕೂತ್ಬಿಡ್ತು..." ಎಂದರು ವಂದನಾ.

"ಕೂತಿತ್ತಲ್ಲ! ಕೂತ ಮಗೂನ ಯಾರಾದ್ರೂ ಎತ್ತಾರಾ?"

ಹೊರಗೆ ಬಾಗಿಲಿಗೆ ಕಾಲಿನಿಂದ ಒದೆಯುತ್ತಿದ್ದರು. ಒದ್ದಾಗಲೆಲ್ಲ ಬೇಸಿನ್‌ನ ನೀರು ನಡುಗುತ್ತಿತ್ತು. "ತೆಗೀರಿ ಬಾಗ್ಲು! ಕಳ್ರು ಒಳಗವ್ರೆ!" ಕಿಟಕಿಯ ಸರಳುಗಳ ನಡುವೆ ಫೋನು ಹಿಡಿದ ಕೈಗಳು ತೂರಿಬಂದವು. ಆ ಫೋನುಗಳನ್ನು ನೋಡಿದಾಗ ನನಗೆ ಕಂಬಕ್ಕೆ ಕಟ್ಟಿದ್ದವನ ನೆನಪಾಯಿತು. ಇವರನ್ನು ಇಲ್ಲಿಗೆ ಕರೆತಂದವಳು ನಾನು. ವಾಪಸ್ ಬಸ್ಸಿಗೆ ಹತ್ತಿಸಬೇಕಾದವಳೂ ನಾನು. ಹತ್ತಿಸುತ್ತೇನೆಂಬ ನಂಬಿಕೆ ನನಗೆ ಆಗ ಎಳ್ಳಷ್ಟೂ ಇರಲಿಲ್ಲ. ಹೊರಗಿನವರಿಗೆ ಶಾಹೀನಾ ಒಂದು ಮಾತು ತಪ್ಪಿ ಹೇಳಿದರೆ ಮುಗಿಯಿತು. ಹೇಳಲು ಅವಳಿಗೆ ಕಾರಣವೂ ಇತ್ತು.

"ಶಾಹೀನಾ, ನಿನ್ ಮಗೂನೇ ಅಂತ ಒಂದ್ಮಾತು ಹೇಳವ್ವಾ" ಎಂದೆ. ಕಿವಿಯಲ್ಲಿ ಪಿಸುಗುಟ್ಟಿದ್ದು, ಬಾಗಿಲು ಒದೆಯುವ ಸದ್ದಿನಲ್ಲಿ ಅವಳಿಗಷ್ಟೇ ಕೇಳಿಸಿತು.

ಅವಳು ನನ್ನನ್ನು ಒಂದು ಗಳಿಗೆ ನೋಡಿದಳು. ಆ ನೋಟ ನನಗೆ ಈಗಲೂ ಬೇಡ. ಆಮೇಲೆ ಮಗುವನ್ನು ಸೊಂಟಕ್ಕೆ ಹಾಕಿಕೊಂಡು ಕಿಟಕಿಗೆ ಹೋದಳು.

"ಮಗು ನಂದು. ನನ್ನತ್ರಾನೇ ಐತೆ, ನೋಡ್ಕಳ್ರಿ. ಏನೂ ಆಗಿಲ್ಲ. ಹೋಗ್ರಿ."

"ಹೆದ್ರಿಸಿ ಹೇಳಿಸ್ತಾವ್ರೆ ಕಣ್ರೋ!" ಎಂದು ಹಿಂದಿನಿಂದ ಒಬ್ಬ ಕೂಗಿದ. "ಪಾಪ ಆಯಮ್ಮನ್ನೂ ಒಳಗೆ ಹಿಡ್ಕೊಂಡವ್ರೆ, ಮುರೀರಿ!"

ಅವಳ ಮಾತೂ ಕೆಲಸಕ್ಕೆ ಬರಲಿಲ್ಲ. ಹಲಗೆ ಸೀಳಿತು. ಅಗುಳಿ ಕಿತ್ತು ಬಿತ್ತು. ಗಂಡಸರು ಒಬ್ಬರ ಮೇಲೊಬ್ಬರು ನುಗ್ಗಿದರು. ನಮ್ಮ ಗುಂಪಿನವರು ಹಿಂದಿನ ಬಾಗಿಲು ಇರಬಹುದೆಂದು ಬೇಸಿನ್‌ಗಳ ನಡುವೆ ಓಡಿದರು. ಹಿಂದಿನ ಬಾಗಿಲು ಇಲ್ಲ. ಬೇಯಿಸಿದ ಹುಳದ ನೀರು ಬಿದ್ದು ಬಿದ್ದು ಆ ನೆಲ ಯಾವಾಗಲೂ ಜಾರುತ್ತದೆ. ಮೂರ್ತಿಯವರ ಕಾಲು ಜಾರಿತು. ಹಿಡಿದುಕೊಳ್ಳಲು ಕೋಲಿಲ್ಲ. ಅವರು ಕೈ ಚಾಚಿ ಕುದಿಯುವ ಬೇಸಿನ್ ಕಡೆಗೆ ವಾಲುವುದನ್ನು ನೋಡಿದೆ.

"ಗರಂ!" ಎಂದು ಚೀರಿದೆ.

ಜಾಣತನದಿಂದ ಕೂಗಲಿಲ್ಲ. ಆ ಮನುಷ್ಯ ಬೇಯುತ್ತಾನೆ ಎಂಬ ಭಯಕ್ಕೆ ಬಾಯಿ ತಾನಾಗಿ ಕೂಗಿತು. ಸೊಂಟದ ಡಬ್ಬಿ ಕಟ್ಟಿಕೊಂಡೇ ಇತ್ತು, ಮೈಕು ಬಾಯ ಮುಂದೆ ಇತ್ತು, ನನಗೆ ಅದರ ನೆನಪೇ ಇರಲಿಲ್ಲ. ಶೆಡ್ಡಿನ ತಗಡು ಜುಮ್ ಎಂದಿತು.

ಶಾಹೀನಾ ಮಗುವಿನ ಸಮೇತ ಕೂತಳು. ಬೀಬಿಜಾನ್ ಕೂತರು. ಬೇಸಿನ್‌ನ ಹೆಂಗಸರೆಲ್ಲ ಕೂತರು. ನಾನೂ ಕೂತೆ, ಕೂಗಿದವಳು ಕೂರಬೇಕಾಗಿಲ್ಲ, ಆದರೂ ಕೂತೆ. ಮತ್ತು ಬಾಗಿಲಲ್ಲಿ, ನುಗ್ಗಿ ಬಂದ ಗಂಡಸರಲ್ಲಿ ನಾಲ್ಕೈದು ಜನ ದಬಕ್ಕನೆ ಕುಕ್ಕರಿಸಿ ಕೂತರು. ಒಬ್ಬನ ಕೈಯಲ್ಲಿ ಆಟೋದ ಕಬ್ಬಿಣದ ಸಲಾಕೆ ಇತ್ತು. ಸಲಾಕೆ ಹಿಡಿದೇ ಕೂತಿದ್ದ.

ನಿಂತವರು ಕೂತವರ ಮೇಲೆ ಎಡವಿದರು. ಏನಾಯಿತೆಂದು ಯಾರಿಗೂ ತಿಳಿಯಲಿಲ್ಲ. ಗಲಾಟೆ ನಿಂತಿತು. ಬೇಸಿನ್‌ನ ಆವಿ ಮಾತ್ರ ಏಳುತ್ತಿತ್ತು. ವಂದನಾ ಮೂರ್ತಿಯವರ ಷರಟು ಹಿಡಿದು ಹಿಂದಕ್ಕೆ ಎಳೆದಿದ್ದರು. ಮೂರ್ತಿಯವರ ಅಂಗೈ ಬೆಂದಿತ್ತು, ಮೈ ಬೇಯಲಿಲ್ಲ.

ಬೀಬಿಜಾನ್ ಕೂತಲ್ಲಿಂದಲೇ ಬಾಗಿಲ ಕಡೆ ನೋಡಿದರು. ನಿಂತವರನ್ನು ನೋಡಲಿಲ್ಲ. ಕೂತವರನ್ನು ನೋಡಿದರು. ನಮ್ಮ ಗಲ್ಲಿಗಳಲ್ಲಿ ಬೆಳೆದವರು ಯಾರು, ಬೇರೆ ಕಡೆಯಿಂದ ಸುದ್ದಿ ಕೇಳಿ ಓಡಿಬಂದವರು ಯಾರು ಎಂದು ಅಲ್ಲಿ ಗೆರೆ ಎಳೆದ ಹಾಗೆ ಕಾಣುತ್ತಿತ್ತು.

"ಇಮ್ರಾನಾ" ಎಂದರು ಬೀಬಿಜಾನ್. ಸಲಾಕೆಯವನು ತಲೆ ಎತ್ತಲಿಲ್ಲ. "ನಿಮ್ಮಮ್ಮ ಬೇಸಿನ್ನಲ್ಲಿ ಕೂತಾಗ ನಿನ್ನ ನಾನೇ ಕಾಲ್ ಮೇಲೆ ಹಾಕ್ಕೊಂಡಿರ್ತಿದ್ದೆ ಕಣೋ. ಈಗ ನಮ್ ಬಾಗ್ಲು ಒಡ್ದೆ."

"ಮಗು ಕದ್ರು ಅಂದ್ರು ದಾದಿಮಾ..."

"ಅಂದ್ರು. ಯಾರಂದ್ರು?"

ಅವನು ಸಲಾಕೆ ನೆಲಕ್ಕಿಟ್ಟ. ಬೀಬಿಜಾನ್ ಅವನ ಪಕ್ಕದವನನ್ನು ನೋಡಿದರು. "ಮಂಜಾ, ನೀನೂನಾ? ಸಣ್ಣೋನಿದ್ದಾಗ ಗರಂ ಅಂದ್ರೆ ಕೂರ್ದೆ ನಿಂತ್ಕೊಂಡು ನಿಮ್ಮಮ್ಮನ ಹತ್ರ ಏಟು ತಿಂದಿದ್ದು ಮರೆತ್ಹೋಯ್ತಾ?"

"ಈಗ ಕೂತಿದೀನಲ್ಲಜ್ಜಿ" ಎಂದ ಮಂಜ.

ಅಷ್ಟು ಭಯದಲ್ಲೂ ಬೇಸಿನ್‌ನ ಹುಡುಗಿಯೊಬ್ಬಳು ಕಿಸಕ್ಕನೆ ನಕ್ಕಳು. ಬೀಬಿಜಾನ್ ನಗಲಿಲ್ಲ. ಕೂತ ಒಬ್ಬೊಬ್ಬನನ್ನೂ ಹೆಸರು ಹಿಡಿದು ಕರೆದರು, ತಾಯಿಯ ಹೆಸರು ಹೇಳಿದರು. ಅವರು "ಗಯಾ" ಅನ್ನುವವರೆಗೆ ಒಬ್ಬನೂ ಏಳಲಿಲ್ಲ. ದೊಡ್ಡ ದೊಡ್ಡ ಮೀಸೆಯ ಗಂಡಸರು ಮಂಡಿ ಮಡಿಸಿ, ತಲೆ ತಗ್ಗಿಸಿ ಕೂತಿದ್ದರು. ನಿಂತವರಲ್ಲಿ ಒಬ್ಬ ಕೈ ಎತ್ತಿದರೆ ಸಾಕಿತ್ತು, ಎಲ್ಲ ಮತ್ತೆ ಶುರುವಾಗುತ್ತಿತ್ತು.

"ಗಯಾ" ಎಂದರು ಕೊನೆಗೆ.

ಕೂತವರು ಎದ್ದರು. ಎದ್ದವರು ನಮ್ಮ ಕಡೆ ಬರಲಿಲ್ಲ. ನಮಗೆ ಬೆನ್ನು ಹಾಕಿ ಬಾಗಿಲಿಗೆ ಅಡ್ಡ ನಿಂತರು. "ನಡೀರಿ ಆಚೆ, ನಮ್ಮ ಮನೆ ವಿಷ್ಯ ಇದು" ಎಂದ ಇಮ್ರಾನ. ಹೊರಗಿನವರು ಸುಲಭಕ್ಕೆ ಹೋಗಲಿಲ್ಲ. ಕಲ್ಲು ತೂರಿದರು, ಮೂಲೆಯಲ್ಲಿ ನಿಂತಿದ್ದ ಬಸ್ಸಿನ ಗಾಜು ಪುಡಿ ಮಾಡಿದರು. ಮಾರ್ಕೆಟ್ಟಿನಿಂದ ಗಂಡಸರು ಬಂದರು, ಆಮೇಲೆ ಪೊಲೀಸರು ಬಂದರು. ಬಸ್ಸು ಹೊರಡುವ ಹೊತ್ತಿಗೆ ಮಧ್ಯಾಹ್ನ ದಾಟಿತ್ತು. ಗಾಜಿಲ್ಲದ ಕಿಟಕಿಗಳ ಬಸ್ಸಿನಲ್ಲಿ ಎಲ್ಲರೂ ತಲೆ ಬಗ್ಗಿಸಿಕೊಂಡು ಹೋದರು. ಯಾರೂ ಯಾರಿಗೂ ಹೋಗಿ ಬರುತ್ತೇನೆ ಅನ್ನಲಿಲ್ಲ.

ತಿಂಗಳೊಳಗೆ ಕಂಪನಿಯವರು ಕರೆಸಿದರು. ಬೆಂಗಳೂರಿನಿಂದ ಬಂದಿದ್ದ ಒಬ್ಬರು, ಪ್ರಿಯಾ ಮೇಡಂಗಿಂತ ಮೇಲಿನವರು, ಕುರ್ಚಿ ಹಾಕಿ ಕೂರಿಸಿದರು. ಗರಂ ಅನ್ನುವುದು ಬಹಳ ಚೆನ್ನಾಗಿದೆ, ಅದನ್ನು ನಡಿಗೆಯಲ್ಲಿ ಆಟದ ಹಾಗೆ ಸೇರಿಸೋಣ, ಬಂದವರು ಗಲ್ಲಿಯ ಮಕ್ಕಳ ಜೊತೆ ಕೂತು ಎದ್ದು ಮಾಡಲಿ, ವಿಡಿಯೋ ತೆಗೆಯೋಣ ಎಂದರು. ಪ್ರಿಯಾ ಮೇಡಂ ನೆಲ ನೋಡುತ್ತಿದ್ದರು. "ನಾನು ಬರಲ್ಲ ಸ್ವಾಮಿ" ಎಂದು ಮೈಕಿನ ಡಬ್ಬಿ ಮೇಜಿನ ಮೇಲಿಟ್ಟು ಬಂದೆ. ಅದೇ ನನ್ನ ನಿವೃತ್ತಿ. ಹಾರವಿಲ್ಲ, ಶಾಲು ಇಲ್ಲ.

ಈಗ ನಿಮಗೆ ಹೇಳುವುದು ಇಷ್ಟು. ಸ್ಟೇಷನ್ನು ತೋರಿಸಿ, ಬಂಗಲೆ ತೋರಿಸಿ, ನಾಯಿಯ ಕಲ್ಲು ತೋರಿಸಿ. ನಾಯಿ ಎಂದೇ ಹೇಳಿ. ಗಲ್ಲಿಗೆ ಹೋಗುವುದಾದರೆ ಗಂಡಸರು ಮಾರ್ಕೆಟ್ಟಿನಿಂದ ಬಂದ ಮೇಲೆ ಹೋಗಿ. ನಿಮ್ಮ ಜನ ನಿಮಗಿಂತ ಮುಂದೆ ಹೋಗದ ಹಾಗೆ ನೋಡಿಕೊಳ್ಳಿ, ನಿಮ್ಮ ಮೇಲಿನವರೇ ಆಗಿರಲಿ, ಅಡ್ಡ ನಿಲ್ಲಿ. ಯಾರ ಮಗುವನ್ನೂ ಮುಟ್ಟಬೇಡಿ, ಚಾಕಲೇಟು ಕೊಡಬೇಡಿ. ಬಾಗಿಲಲ್ಲಿ ನಿಲ್ಲಿ. ನೀರು ಬಂದರೆ ಹೋಗಿ. ಹೋಗಬಾರದು ಅನ್ನಿಸಿದರೆ ಅದಕ್ಕೆ ಕಾರಣ ಹುಡುಕುತ್ತಾ ಕೂರಬೇಡಿ, ತಿರುಗಿ ಬನ್ನಿ.

ಕೆಲಸ ಬಿಟ್ಟ ಮೇಲೆ ನಾನೊಬ್ಬಳೇ ಬೀಬಿಜಾನ್ ಬಾಗಿಲಿಗೆ ಹೋಗಿ ನಿಂತೆ. ಶೆಡ್ಡಿಗೆ ಹೊಸ ಬಾಗಿಲು ಹಾಕಿದ್ದರು, ತಗಡಿನದು. ಒಳಗೆ ಚರಕ ತಿರುಗುವ ಸದ್ದು ಕೇಳುತ್ತಿತ್ತು. ನಾನು ಬಂದದ್ದು ಅವರಿಗೆ ಗೊತ್ತಿತ್ತು. ನೀರು ಬರಲಿಲ್ಲ. ಸ್ವಲ್ಪ ಹೊತ್ತು ನಿಂತು ವಾಪಸ್ ಬಂದೆ. ಇನ್ನೊಂದು ವಾರ ಹೋದೆ. ಬರಲಿಲ್ಲ. ಮಳೆಗಾಲ ಪೂರ್ತಿ ಹಾಗೇ ಆಯಿತು. ಯಾಕೆ ಎಂದು ಕೇಳುವಂತಿಲ್ಲ, ಕೇಳಲಿಲ್ಲ.

ಹಬ್ಬ ಕಳೆದ ಮೇಲೆ ಒಂದು ದಿನ ಹೋಗಿ ನಿಂತಾಗ ಸಾನಿಯಾ ಒಳಗಿನಿಂದ ಬಂದಿತು. ಎರಡು ಕೈಯಲ್ಲಿ ಲೋಟ ಹಿಡಿದಿತ್ತು, ಹೆಜ್ಜೆಗೊಂದು ಸಲ ನೀರು ಚೆಲ್ಲುತ್ತಿತ್ತು. ಹಿಂದೆ ಹೊಸಿಲಿನಲ್ಲಿ ಬೀಬಿಜಾನ್ ನಿಂತಿದ್ದರು. ನಾನು ಲೋಟ ತೆಗೆದುಕೊಂಡು ಉಳಿದಿದ್ದನ್ನು ಕುಡಿದೆ. ಲೋಟ ವಾಪಸ್ ಕೊಟ್ಟು, ಮಗುವಿನ ತಲೆ ನೇವರಿಸಲು ಕೈ ಚಾಚಿದೆ.

ಮಗು ದಬಕ್ಕನೆ ನೆಲಕ್ಕೆ ಕೂತುಬಿಟ್ಟಿತು. ಯಾರೂ ಏನೂ ಕೂಗಿರಲಿಲ್ಲ.

ನಾನು ಕೈ ಹಿಂದಕ್ಕೆ ತೆಗೆದುಕೊಂಡು ಎರಡು ಹೆಜ್ಜೆ ಸರಿದೆ. "ಗಯಾ" ಎಂದೆ. ಏಳಲಿಲ್ಲ. ಇನ್ನೊಂದು ಸಲ ಹೇಳಿದೆ. ಲೋಟ ಅಪ್ಪಿಕೊಂಡು ನನ್ನ ಕೈಯನ್ನೇ ನೋಡುತ್ತಾ ಕೂತಿತ್ತು.

ಹೊಸಿಲಿನಿಂದ ಬೀಬಿಜಾನ್ "ಗಯಾ" ಎಂದ ಮೇಲೆ ಎದ್ದು ಒಳಗೆ ಓಡಿತು.